ವಾದಿ ಗೈರು, ದಾವೆ ವಜಾ

ಆ ದಿನ ಮಧ್ಯಾಹ್ನ ನನ್ನ ಗಂಡ ಕೋರ್ಟಿನಿಂದ ಬಂದವರು ಚಪ್ಪಲಿ ಕೂಡ ಬಿಚ್ಚದೆ ಕುರ್ಚಿಯಲ್ಲಿ ಕೂತು, “ಕೇಸು ಹೋಯ್ತು ಮಾರಾಯ್ತಿ. ವಜಾ ಮಾಡಿದ್ರು” ಎಂದರು. ನಾನು “ಅಯ್ಯೋ ದೇವರೇ” ಎಂದೆ. ಒಳಗೆ ಹೋಗಿ ಹೆಸರುಬೇಳೆ ಹುರಿಯಲು ಇಟ್ಟೆ.

ಪಾಯಸ ಮಾಡಿದೆ ಸ್ವಾಮಿ, ಪಾಯಸ! ತೆಂಗಿನಕಾಯಿ ಹಾಲು ಹಿಂಡಿ, ಗೇರುಬೀಜ ಹುರಿದು, ಹಬ್ಬಕ್ಕೆ ಮಾಡುವ ಹಾಗೆ. ಇವರಿಗೆ ಶುಗರ್ ಇರುವುದರಿಂದ ಒಂದೇ ಸೌಟು ಬಡಿಸಿದೆ. ಇವರು ಬಟ್ಟಲನ್ನು ನೋಡಿದರು, ನನ್ನನ್ನು ನೋಡಿದರು. “ಇವತ್ತು ಎಂತ ವಿಶೇಷ?” ಎಂದರು. “ಎಂತದೂ ಇಲ್ಲ, ತಿನ್ಬೇಕು ಅಂತ ಆಯ್ತು” ಎಂದೆ. ನನಗೆ ಅಂಗಳಕ್ಕೆ ಹೋಗಿ ಕುಣಿಯಬೇಕು ಅನ್ನಿಸುತ್ತಿತ್ತು. ಗಂಡ ಸೋತು ಬಂದ ದಿನ ಹೀಗೆ ಖುಷಿಪಡುವ ಹೆಂಗಸು ಎಂಥವಳು ಎಂದು ಕೇಳುವವರು ಮೊದಲು ಆ ಕೇಸಿನ ಕತೆ ಕೇಳಬೇಕು.

ಕೇಸು ಒಂದು ಬಾವಿಯದ್ದು. ಜೆಪ್ಪುವಿನ ನಮ್ಮ ಮನೆಯ ಪಕ್ಕದ ಹಿತ್ತಲಿನಲ್ಲಿ ಆ ಬಾವಿ ಇದೆ. ಹಿಂದೆ ಎರಡೂ ಮನೆಯವರು ಅದರಿಂದಲೇ ನೀರು ಸೇದುತ್ತಿದ್ದರಂತೆ. ಆಚೆಮನೆಯ ಯಜಮಾನರಿಗೆ ಯಾವುದೋ ಮಾತಿಗೆ ಸಿಟ್ಟು ಬಂದು ನಡುವೆ ಕೆಂಪುಕಲ್ಲಿನ ಗೋಡೆ ಎಬ್ಬಿಸಿದರು. ನನ್ನ ಮಾವ ಅವರಿಗಿಂತ ಒಂದು ಕೈ ಹೆಚ್ಚು. ನೀರು ಸೇದುವ ಹಕ್ಕು ಬೇಕೆಂದು ಕೋರ್ಟಿಗೆ ಹೋದರು. ನಾನು ಮದುವೆಯಾಗಿ ಬರುವಾಗಲೇ ಆ ಕೇಸಿಗೆ ಗಡ್ಡಮೀಸೆ ಬಂದಾಗಿತ್ತು. ಆಮೇಲೆ ಮಾವ ತೀರಿಕೊಂಡರು, ವಾದಿಯ ಜಾಗಕ್ಕೆ ಇವರ ಹೆಸರು ಬಂತು. ಆಚೆಮನೆಯವರೂ ತೀರಿಕೊಂಡರು, ಪ್ರತಿವಾದಿಯ ಜಾಗಕ್ಕೆ ಅವರ ಒಬ್ಬಳೇ ಮಗಳ ಹೆಸರು ಬಂತು. ಅಷ್ಟು ಹೊತ್ತಿಗೆ ನಮ್ಮ ಮನೆಗೆ ಕಾರ್ಪೊರೇಷನ್ನಿನ ನಳ್ಳಿ ನೀರು ಬಂದು ಹಳತಾಗಿತ್ತು. ಆ ಬಾವಿಯ ನೀರು ಕಾಗೆಗೂ ಬೇಡವಾಗಿತ್ತು.

ಆಚೆಮನೆಯ ಆ ಮಗಳು ಮನೆಗೆ ಬೀಗ ಹಾಕಿ ಫಳ್ನೀರಿನ ಒಂದು ಫ್ಲಾಟಿಗೆ ಹೋದಳು. ಅಲ್ಲೇ ಹತ್ತಿರ ಕಣ್ಣಿನ ಕ್ಲಿನಿಕ್ಕಿನಲ್ಲಿ ಚೀಟಿ ಬರೆದುಕೊಡುವ ಕೆಲಸ. ಮದುವೆಯಾಗಿರಲಿಲ್ಲ. ವಯಸ್ಸಿನಲ್ಲಿ ನನಗಿಂತ ಸ್ವಲ್ಪ ಚಿಕ್ಕವಳು. ನಾನು ಅವಳ ಹೆಸರನ್ನು ಬಾಯಲ್ಲಿ ಎತ್ತಿದವಳಲ್ಲ, ಪ್ರತಿವಾದಿ ಎಂದೇ ಹೇಳುತ್ತಿದ್ದೆ. ಇಲ್ಲೂ ಹಾಗೆಯೇ ಬರೆಯುತ್ತೇನೆ.

ಕೋರ್ಟಿನ ತಾರೀಕಿಗೆ ನಮ್ಮ ಕಡೆ ವಾಯಿದೆ ಅನ್ನುತ್ತಾರೆ. ನಮ್ಮ ಮನೆಯಲ್ಲಿ ದೀಪಾವಳಿ ತಪ್ಪಿದರೂ ವಾಯಿದೆ ತಪ್ಪುತ್ತಿರಲಿಲ್ಲ. ಹಿಂದಿನ ದಿನವೇ ಇವರು ಕ್ಷೌರ ಮಾಡಿಸಿಕೊಂಡು ಬರುತ್ತಿದ್ದರು. ಅಂಗಿಗೆ ಇಸ್ತ್ರಿ. ಬೆಳಿಗ್ಗೆ ಕುತ್ತಿಗೆಗೆ ಪೌಡರ್. ಇವರದ್ದು ಪಣಂಬೂರಿನಲ್ಲಿ ಬಂದರಿನ ಕೆಲಸ, ರಜೆ ಕೇಳುವುದೆಂದರೆ ಪ್ರಾಣಸಂಕಟ. ನನ್ನ ತಂಗಿಯ ಮದುವೆಗೆ ಅರ್ಧ ದಿನ ರಜೆ ಹಾಕಿ, ಧಾರೆ ಮುಗಿದದ್ದೇ ಊಟಕ್ಕೂ ನಿಲ್ಲದೆ ಬಸ್ಸು ಹತ್ತಿದ ಮಹಾನುಭಾವರು ಇವರು. ನನ್ನ ಹೆರಿಗೆಯ ದಿನ ಶಿಫ್ಟು ಮುಗಿಸಿಕೊಂಡೇ ಆಸ್ಪತ್ರೆಗೆ ಬಂದರು. ವಾಯಿದೆಗೆ ಮಾತ್ರ ಇಡೀ ದಿನ ರಜೆ. ನಿವೃತ್ತಿಯಾದ ಮೇಲಂತೂ ಕೇಳುವುದೇ ಬೇಡ, ಕೋರ್ಟೇ ಇವರ ಆಫೀಸು.

ಹಾಗೆ ಹೋಗಿ ಅಲ್ಲಿ ಮಾಡುವುದೇನು? ಒಂದು ದಿನ ಜಡ್ಜು ರಜೆ, ಇನ್ನೊಂದು ದಿನ ವಕೀಲರು ರಜೆ, ಮತ್ತೊಂದು ದಿನ ಫೈಲು ಸಿಗುವುದಿಲ್ಲ. ಹೊಸ ವಾಯಿದೆ ತೆಗೆದುಕೊಂಡು ಬರುವುದು, ಅಷ್ಟೆ. ಅಷ್ಟಕ್ಕೆ ಮನುಷ್ಯನ ಮುಖ ಸಂಜೆ ಬರುವಾಗ ಅರಳಿರುತ್ತಿತ್ತು. ಹಾಡಿಕೊಂಡು ಕೈಕಾಲು ತೊಳೆಯುತ್ತಿದ್ದರು. ಆಮೇಲೆ ಚಾ ಕುಡಿಯುವಾಗ ಒಂದೊಂದೇ ಸುದ್ದಿ ಹೊರಗೆ ಬರುತ್ತಿತ್ತು. “ಅವಳಿಗೆ ಫ್ಲಾಟಲ್ಲಿ ನಿದ್ರೆ ಬರುದಿಲ್ಲವಂತೆ. ಕೆಳಗಿನಿಂದ ಆಂಬುಲೆನ್ಸಿನ ಶಬ್ದ ಅಂತೆ.” ಇನ್ನೊಂದು ವಾಯಿದೆಗೆ, “ಅವಳ ಮೊಣಗಂಟು ನೋವು ಜಾಸ್ತಿ ಆಗಿದೆ ಪಾಪ.”

ಪಾಪ! ನನ್ನ ಮೊಣಗಂಟು ಯಾವ ಕಾಲದ್ದು ಎಂದು ಇವರಿಗೆ ಗೊತ್ತಿತ್ತಾ?

ಒಮ್ಮೆ ನೇರವಾಗಿ ಕೇಳಿದೆ, “ಅವಳ ಹತ್ರ ಎಂತ ಅಷ್ಟು ಮಾತು ನಿಮಗೆ?” “ಎಂತ ಮಾತು ಮಾರಾಯ್ತಿ, ಕಾಯ್ಬೇಕಲ್ಲ ಅಲ್ಲಿ. ವರಾಂಡದಲ್ಲಿ ಇರುದೇ ಒಂದು ಬೆಂಚು. ಎಲ್ಲರೂ ಅದರಲ್ಲೇ ಕೂತ್ಕೊಳ್ಳುದು” ಎಂದರು. ಎಲ್ಲರೂ ಕೂರುತ್ತಾರಂತೆ, ಆದರೆ ಸುದ್ದಿ ಬರುವುದು ಒಬ್ಬಳದ್ದೇ. ಮನೆಯಲ್ಲಿ ಇವರು ನನ್ನ ಹತ್ತಿರ ದಿನಕ್ಕೆ ಆಡುವ ಮಾತನ್ನು ಒಂದು ಚಾ ಲೋಟದಲ್ಲಿ ತುಂಬಿಸಬಹುದು: ಬಿಲ್ ಕಟ್ಟಿದ್ಯಾ, ಫ್ಯಾನ್ ಬಂದ್ ಮಾಡು, ಮೀನಿನವಳು ಬಂದ್ಲಾ. ಅಲ್ಲಿ ಬೆಂಚಿನಲ್ಲಿ ಒಬ್ಬಳಿಗೆ ನಿದ್ರೆ ಬರುತ್ತದೋ ಇಲ್ಲವೋ ಎಂದು ಕೇಳುವಷ್ಟು ಪುರುಸೊತ್ತು.

ಅಂಥದ್ದೇನೂ ಇಲ್ಲ ಎಂದು ನನಗೆ ಚೆನ್ನಾಗಿಯೇ ಗೊತ್ತಿತ್ತು. ಇವರು ಅಂಥ ಮನುಷ್ಯ ಅಲ್ಲ, ಅವಳೂ ಅಲ್ಲ. ಅಂಥದ್ದು ಏನಾದರೂ ಇದ್ದಿದ್ದರೆ ನಾನು ಬೀದಿಯಲ್ಲಿ ನಿಂತು ಜಗಳವಾಡುತ್ತಿದ್ದೆ, ನಾಲ್ಕು ಜನ ನನ್ನ ಪರ ಮಾತಾಡುತ್ತಿದ್ದರು. ಬೆಂಚಿನಲ್ಲಿ ಕೂತು ಮಾತಾಡಿದ್ದಕ್ಕೆ ಯಾರ ಹತ್ತಿರ ದೂರು ಹೇಳುವುದು? ಹೊಟ್ಟೆಕಿಚ್ಚು ಅನ್ನುವುದು ನನ್ನ ಹೊಟ್ಟೆಯಲ್ಲೇ ಉರಿಯಬೇಕಾಯಿತು.

ಒಂದು ವಾಯಿದೆಗೆ ಹೋಗಿ ಬಂದವರು ಚೀಲದಿಂದ ಒಂದು ಬಾಟಲಿ ತೆಗೆದು ಮೇಜಿನ ಮೇಲೆ ಇಟ್ಟರು. ಮಾವಿನಮಿಡಿ ಉಪ್ಪಿನಕಾಯಿ. ಪ್ರತಿವಾದಿ ಕೊಟ್ಟದ್ದು! “ಗಂಜಿಗೆ ಒಳ್ಳೇದಾಗ್ತದೆ ಅಂತ ಕೊಟ್ಳು” ಎಂದರು, ಮಗುವಿನ ಹಾಗೆ. ನಾನು ಹೇಳಿದೆ, “ನೀವು ಅವಳ ಮೇಲೆ ಕೇಸು ಹಾಕಿದವರು ಅಲ್ವಾ? ವಾದಿಗೆ ಪ್ರತಿವಾದಿಯ ಉಪ್ಪಿನಕಾಯಿ ತಿನ್ಲಿಕ್ಕೆ ಯಾವ ಕಾನೂನಿನಲ್ಲಿ ಉಂಟು?” ಇವರು ನಕ್ಕರು. ಮರುದಿನ ಇವರಿಲ್ಲದಾಗ ಮುಚ್ಚಳ ತೆಗೆದು ಒಂದು ಮಿಡಿ ಬಾಯಿಗೆ ಹಾಕಿದೆ. ಹಾಳಾದದ್ದು, ಬಹಳ ಚೆನ್ನಾಗಿತ್ತು. ಉಪ್ಪು, ಖಾರ, ಎಲ್ಲ ಹದ. ಅವತ್ತು ಸಿಟ್ಟು ಇನ್ನೂ ಜಾಸ್ತಿಯಾಯಿತು.

ಕೋರ್ಟಿಗೆ ಬೇಸಿಗೆ ರಜೆ ಬಂದರೆ ಇವರಿಗೆ ಊಟ ಸೇರುತ್ತಿರಲಿಲ್ಲ. ಸೆಕೆಗೆ ಹಾಗೆ ಅನ್ನುತ್ತಿದ್ದರು. ಕೊರೋನಾ ಬಂದು ಕೋರ್ಟಿಗೆ ಬಾಗಿಲು ಹಾಕಿದಾಗ ನನಗೆ ಒಳಗೊಳಗೇ ಸಮಾಧಾನ. ಇನ್ನಾದರೂ ಈ ಮನುಷ್ಯ ನನ್ನ ಹತ್ತಿರ ನಾಲ್ಕು ಮಾತು ಆಡಬಹುದು ಎಂದುಕೊಂಡೆ. ಮಾತು ಹೋಗಲಿ, ಇದ್ದ ಮೂರು ಮಾತಿನಲ್ಲಿ ಮೀನಿನವಳದ್ದೂ ಹೋಯಿತು, ಅವಳು ಬರುವುದು ನಿಂತಿತ್ತಲ್ಲ. ಇವರು ಹಿತ್ತಲಿನ ಗೋಡೆಯ ಹತ್ತಿರ ನಿಂತು ಆಚೆಯ ಬೀಗ ಹಾಕಿದ ಮನೆಯನ್ನು ನೋಡುತ್ತಿದ್ದರು. “ಅವಳ ಮಾಡಿನ ಹಂಚು ಜಾರಿದೆ. ಹೇಳ್ಬೇಕು” ಎಂದರು ಒಮ್ಮೆ. ಫೋನ್ ಮಾಡಿ ಹೇಳಿ ಎಂದೆ, ಬೇಕೆಂತಲೇ. “ಛೆ, ಫೋನೆಲ್ಲ ಮಾಡ್ಲಿಕ್ಕೆ ಆಗುದಿಲ್ಲ. ಕೇಸು ಉಂಟಲ್ಲ ನಮ್ಮ ನಡುವೆ” ಎಂದರು.

ಆ ಮಾತು ಕೇಳಿದ ದಿನ ನನಗೆ ಎಲ್ಲ ಅರ್ಥವಾಯಿತು. ಕೇಸು ಇದ್ದರೆ ಮಾತ್ರ ಇವರಿಬ್ಬರಿಗೆ ಒಬ್ಬರನ್ನೊಬ್ಬರು ನೋಡಲು ನೆಪ. ಮನೆಗೆ ಹೋಗಿ ಮಾತಾಡಿಸುವ ಹಾಗಿಲ್ಲ, ಫೋನು ಮಾಡುವ ಹಾಗಿಲ್ಲ. ಎರಡೂ ಮನೆಯ ಹಿರಿಯರು ಮಾತು ಬಿಟ್ಟು ಸತ್ತವರು. ಕೋರ್ಟಿನ ಬೆಂಚಿನಲ್ಲಿ ಆಡಿದ ಮಾತು ಮಾತ್ರ ಆ ಲೆಕ್ಕಕ್ಕೆ ಬರುವುದಿಲ್ಲ. ಹಾಗಾದರೆ ಈ ಕೇಸು ಸಾಯಬೇಕು ಎಂದು ನಾನು ನಿಶ್ಚಯ ಮಾಡಿದೆ. ಗೆದ್ದರೂ ಆಗಬಹುದು, ಸೋತರೂ ಆಗಬಹುದು, ಒಟ್ಟು ಮುಗಿಯಬೇಕು, ನನ್ನ ಗಂಡ ನನ್ನ ಮನೆಗೆ ಪೂರ್ತಿ ಬರಬೇಕು. ದೇವಸ್ಥಾನದಲ್ಲಿ ಹರಕೆಯನ್ನೂ ಹೇಳಿಕೊಂಡೆ.

ಅದಕ್ಕೇ ಆ ಪಾಯಸ.

ಪಾಯಸದ ಖುಷಿ ಮರುದಿನದವರೆಗೆ ಮಾತ್ರ. ಬೆಳಿಗ್ಗೆ ಇವರು ವಕೀಲರ ಆಫೀಸಿಗೆ ಹೊರಟರು. ವಜಾ ಆದ ಕೇಸನ್ನು ಮತ್ತೆ ಎಬ್ಬಿಸಲು ಅರ್ಜಿ ಹಾಕಬಹುದಂತೆ. “ಬಿಟ್ಟುಬಿಡಿ, ಆ ಬಾವಿ ನೀರಲ್ಲಿ ನೀವು ಇನ್ನು ಎಂತ ಮಾಡ್ಲಿಕ್ಕೆ ಉಂಟು?” ಎಂದೆ. “ಅಪ್ಪ ಹಾಕಿದ ಕೇಸು. ಬಿಡ್ಲಿಕ್ಕೆ ಆಗ್ತದಾ?” ಎಂದರು. ಅಪ್ಪನಂತೆ ಅಪ್ಪ! “ಹಾಗಾದರೆ ನಾನೂ ಬರ್ತೇನೆ” ಎಂದು ಸೀರೆ ಬದಲಾಯಿಸಿದೆ.

ವಕೀಲರು ವಯಸ್ಸಾದವರು, ಮಾವನ ಕಾಲದಿಂದ ಇದ್ದವರು. ಹಂಪನಕಟ್ಟೆಯಲ್ಲಿ ಮಹಡಿ ಮೇಲೆ ಅವರ ಆಫೀಸು. ಅವರಿಗೆ ಇವರ ಮೇಲೆ ಸಿಟ್ಟು ಬಂದಿತ್ತು. “ಎಲ್ಲಿ ಹೋಗಿದ್ರಿ ಮಾರಾಯ್ರೆ? ಹೊಸ ಜಡ್ಜು ಬಂದಿದ್ದಾರೆ, ಹಳೇ ಕೇಸೆಲ್ಲ ಎಳೆದು ಎಳೆದು ನೋಡ್ತಾರೆ ಅಂತ ಹೇಳಿದ್ದೆ ಅಲ್ವಾ? ನಾನು ಇನ್ನೊಂದು ಕೋರ್ಟಲ್ಲಿದ್ದೆ. ಅಟೆಂಡರ್ ಬಾಗಿಲಲ್ಲಿ ನಿಂತು ಮೂರು ಸಲ ನಿಮ್ಮ ಹೆಸರು ಕೂಗಿದ್ದಾನೆ. ವಾದಿ ಗೈರು, ದಾವೆ ವಜಾ. ಮುಗೀತು.”

“ನಮ್ಮದು ಯಾವಾಗಲೂ ಮಧ್ಯಾಹ್ನದ ಮೇಲೆ ಬರುದು ಅಂತ...” ಇವರು ತಡವರಿಸಿದರು. “ಹೋಟೆಲಿಗೆ ಹೋಗಿದ್ದೆ.”

“ಅರ್ಜಿಯಲ್ಲಿ ಕಾರಣ ಬರೀಬೇಕು. ಒಬ್ಬರೇ ಹೋದದ್ದಾ? ಯಾರಾದರೂ ಇದ್ದರಾ ಜೊತೆಗೆ, ಹೇಳ್ಲಿಕ್ಕೆ?”

ಇವರು ಕಿಟಕಿಯ ಕಡೆ ನೋಡಿದರು. ವಕೀಲರು ಪೆನ್ನು ಹಿಡಿದು ಕಾದರು. ನಾನೂ ಕಾದೆ.

“ಪ್ರತಿವಾದಿ ಇದ್ದಳು” ಎಂದರು ಇವರು.

ವಕೀಲರು ನಗಲು ಸುರು ಮಾಡಿದವರು ಕೆಮ್ಮು ಬರುವವರೆಗೂ ನಿಲ್ಲಿಸಲಿಲ್ಲ. “ಇಷ್ಟು ವರ್ಷ ಪ್ರಾಕ್ಟೀಸಲ್ಲಿ ಇಂಥದ್ದು ಕೇಳಿಲ್ಲ ಮಾರಾಯ್ರೆ. ಕೋರ್ಟಲ್ಲಿ ವಾದಿಯನ್ನು ಕೂಗ್ತಾರೆ, ವಾದಿ ಪ್ರತಿವಾದಿ ಒಂದೇ ಟೇಬಲ್ಲಲ್ಲಿ ಬನ್ಸ್ ತಿಂತಾ ಇದ್ದಾರೆ! ಇದನ್ನು ಅಫಿಡವಿಟ್ಟಲ್ಲಿ ಬರೀಲಿಕ್ಕೆ ಆಗ್ತದಾ?” ನನ್ನ ಕಡೆ ತಿರುಗಿ, “ಅಮ್ಮ, ನಿಮಗೆ ಆ ದಿನ ಜ್ವರ ಇತ್ತು ಅಂತ ಬರೆಯುವನಾ?” ಎಂದರು.

ನನಗೆ ಮೈಯೆಲ್ಲ ಉರಿದುಹೋಯಿತು. ಗಂಡ ಅವಳ ಜೊತೆ ಕೂತು ಬನ್ಸ್ ತಿಂದದ್ದಕ್ಕೆ ನಾನು ಕಾಗದದಲ್ಲಿ ಹಾಸಿಗೆ ಹಿಡಿಯಬೇಕು! “ನನಗೆ ಎಂತ ಜ್ವರ? ಗುಂಡುಕಲ್ಲಿನ ಹಾಗೆ ಇದ್ದೇನೆ. ನನ್ನ ಹೆಸರಿನಲ್ಲಿ ಒಂದು ಸುಳ್ಳು ಬರೆದರೆ ನಾನೇ ಜಡ್ಜಿನ ಎದುರು ಹೋಗಿ ಹೇಳ್ತೇನೆ” ಎಂದೆ. ಕೊನೆಗೆ ವಕೀಲರು ಇವರ ಶುಗರನ್ನೇ ಹಿಡಿದರು. ಹೊತ್ತಿಗೆ ಸರಿಯಾಗಿ ತಿನ್ನಬೇಕಾದ ಕಾಯಿಲೆ, ತಿನ್ನಲು ಹೋದಾಗ ಕೂಗಿದ್ದು ಕೇಳಿಸಲಿಲ್ಲ ಎಂದು ಬರೆದರು. ಯಾರ ಜೊತೆ ಎಂದು ಬರೆಯಲಿಲ್ಲ. ಸುಳ್ಳೂ ಅಲ್ಲ.

“ಆದರೆ ಒಂದು ಮಾತು” ಎಂದರು ವಕೀಲರು, ಕಾಗದ ಮಡಚುತ್ತಾ. “ಅವರಿಗೆ ನೋಟೀಸು ಹೋಗ್ತದೆ. ಅವರು ಬಂದು ಆಕ್ಷೇಪಣೆ ಹಾಕಿದರೆ ಕಷ್ಟ. ಹಾಕದೆ ಇರ್ತಾರಾ? ಆ ಜಾಗಕ್ಕೆ ಬಿಲ್ಡರ್ ಒಬ್ಬ ಎಷ್ಟೋ ಸಮಯದಿಂದ ಕಾದು ಕೂತಿದ್ದಾನೆ. ಕೇಸು ಇದೆ ಅಂತ ಮಾರ್ಲಿಕ್ಕೆ ಆಗ್ಲಿಲ್ಲ. ಈಗ ಬಾಯಿಗೆ ಬಂದ ತುತ್ತು. ಬಿಡ್ತಾರಾ?”

ಇಷ್ಟು ಒಳ್ಳೆಯ ಸುದ್ದಿಯನ್ನು ನಾನು ಎಷ್ಟೋ ದಿನದಿಂದ ಕೇಳಿರಲಿಲ್ಲ. ಮೆಟ್ಟಿಲಿಳಿಯುವಾಗ ಮೊಣಗಂಟು ಕೂಡ ನೋಯಲಿಲ್ಲ. ಇಷ್ಟು ವರ್ಷ ಯಾರ ಹೆಸರು ಕೇಳಿದರೆ ಮೈ ಉರಿಯುತ್ತಿತ್ತೋ ಆ ಪ್ರತಿವಾದಿಯೇ ಈಗ ನನ್ನ ಕಡೆ. ಅವಳು ಗೆಲ್ಲಲಿ, ಜಾಗ ಮಾರಲಿ, ಸುಖವಾಗಿ ಇರಲಿ, ದೇವರು ಒಳ್ಳೆಯದು ಮಾಡಲಿ. ಬೇಕಾದರೆ ಗೃಹಪ್ರವೇಶಕ್ಕೆ ನಾನೇ ಹೋಗಿ ಬಡಿಸುತ್ತೇನೆ. ವಾಯಿದೆ ಒಂದು ಇಲ್ಲದಿದ್ದರೆ ಸಾಕು.

ಅರ್ಜಿಯ ವಿಚಾರಣೆಯ ದಿನ ನಾನೂ ಕೋರ್ಟಿಗೆ ಹೋದೆ, ಜೀವನದಲ್ಲಿ ಮೊದಲ ಸಲ. ಬೆಳಿಗ್ಗೆ ಬೇಗ ಎದ್ದು ನೀರುದೋಸೆ ಹೊಯ್ದಿಟ್ಟು, ಮದುವೆಗೆ ಹೋಗುವವಳ ಹಾಗೆ ತಯಾರಾದೆ. ಒಳ್ಳೆಯ ಸೀರೆ ಉಟ್ಟೆ, ತಲೆಗೆ ಮಲ್ಲಿಗೆ ಮುಡಿದೆ. ಅವಳ ಎದುರು ನಾನು ಕಡಿಮೆ ಕಾಣಬಾರದಲ್ಲ.

ವರಾಂಡದಲ್ಲಿ ಆ ಬೆಂಚನ್ನು ನೋಡಿದೆ. ಇದಾ, ಅಂದುಕೊಂಡೆ. ಒಂದು ಕಾಲು ಅಲ್ಲಾಡುವ, ಬಣ್ಣ ಹೋದ ಮರದ ಬೆಂಚು. ಅದರ ತುದಿಯಲ್ಲಿ ಪ್ರತಿವಾದಿ ಕೂತಿದ್ದಳು. ಅವಳ ಪಕ್ಕದ ಜಾಗದಲ್ಲಿ ಅವಳ ಚೀಲ. ಇವರನ್ನು ಕಂಡದ್ದೇ ಚೀಲ ತೆಗೆದು ಮಡಿಲಲ್ಲಿ ಇಟ್ಟುಕೊಂಡಳು. ಜಾಗ ಹಿಡಿದಿಟ್ಟಿದ್ದಳು! ಇವರ ಹಿಂದೆ ನನ್ನನ್ನು ನೋಡಿದವಳು ಗಡಬಡಿಸಿ ಎದ್ದು, “ಬನ್ನಿ ಅಕ್ಕ, ಕೂತ್ಕೊಳ್ಳಿ” ಎಂದಳು. ನಾನು ಕೂರಲಿಲ್ಲ. ಅವಳು ನೋಡಲು ಅಷ್ಟೇನೂ ಚೆನ್ನಾಗಿರಲಿಲ್ಲ ಎಂದು ಬರೆಯಲು ನನಗೆ ಆಸೆ ಇದೆ. ನರೆತ ಕೂದಲಿಗೆ ಬಣ್ಣ ಹಾಕಿರಲಿಲ್ಲ, ಹತ್ತಿ ಸೀರೆ, ಕೈಯಲ್ಲಿ ಒಂದು ವಾಚು. ಆದರೂ ಲಕ್ಷಣವಾಗಿದ್ದಳು.

ಅಟೆಂಡರ್ ಬಾಗಿಲಲ್ಲಿ ನಿಂತು ಇವರನ್ನು ನೋಡಿ ನಕ್ಕ. “ಇವತ್ತು ಹೋಟೆಲಿಗೆ ಹೋಗ್ಬೇಡಿ ಆಯ್ತಾ ಸಾರ್” ಎಂದ. ನನ್ನನ್ನು ಮೇಲಿಂದ ಕೆಳಗೆ ನೋಡಿ, “ಈ ಅಕ್ಕ ಯಾರು, ಸಾಕ್ಷಿಯಾ?” ಎಂದು ಕೇಳಿದ. ಇವರು “ಮನೆಯವಳು” ಎಂದರು. ಅವನಿಗೆ ಆಶ್ಚರ್ಯವಾದದ್ದು ಮುಖದಲ್ಲೇ ಕಂಡಿತು.

ಕೂಗಿದರು. ಒಳಗೆ ಹೋದೆವು. ನಾನು ಹಿಂದಿನ ಸಾಲಿನಲ್ಲಿ ಕೂತು ಕೈಮುಗಿದುಕೊಂಡೆ. ನಮ್ಮ ವಕೀಲರು ಶುಗರಿನ ಕತೆ ಹೇಳಿದರು. ಜಡ್ಜು ಕನ್ನಡಕದ ಮೇಲಿನಿಂದ ಇವರನ್ನು ನೋಡಿ, “ಇಷ್ಟು ಹಳೆಯ ಕೇಸು, ಅದರಲ್ಲಿ ವಾದಿಗೇ ಆಸಕ್ತಿ ಇಲ್ಲ ಅಂದರೆ ಕೋರ್ಟು ಎಷ್ಟು ಕಾಲ ಕಾಯಬೇಕು?” ಎಂದು ಗದರಿದರು. ಸರಿಯಾಗಿ ಕೇಳಿದರು ಎಂದು ನನಗೆ ಚಪ್ಪಾಳೆ ತಟ್ಟುವಷ್ಟು ಸಂತೋಷ. “ಪ್ರತಿವಾದಿಯ ಆಕ್ಷೇಪಣೆ ಇದೆಯಾ?” ಎಂದು ಜಡ್ಜು ಕೇಳಿದರು.

ಅವಳ ವಕೀಲರು ಕಾಗದಗಳ ಕಟ್ಟು ಹಿಡಿದು ಎದ್ದರು. ಕಟ್ಟು ದಪ್ಪಗಿತ್ತು. ಬೇಗ ಓದು ಮಾರಾಯ ಎಂದು ನಾನು ಮನಸ್ಸಿನಲ್ಲೇ ಹೇಳಿಕೊಂಡೆ. ಅಷ್ಟರಲ್ಲಿ ಪ್ರತಿವಾದಿ ಮುಂದೆ ಬಂದು ಅವರ ಕೋಟಿನ ತೋಳು ಎಳೆದಳು. ಕಿವಿಯ ಹತ್ತಿರ ಏನೋ ಹೇಳಿದಳು.

“ಎಂತ? ನಿಮಗೆ ಮಂಡೆ ಸರಿ ಉಂಟಾ?” ವಕೀಲರು ಮೆಲ್ಲಗೆ ಹೇಳಿದ್ದು ನನಗೂ ಕೇಳಿಸಿತು.

ಅವಳು ಮತ್ತೆ ಅದನ್ನೇ ಹೇಳಿರಬೇಕು. ವಕೀಲರು ಅವಳನ್ನು ನೋಡಿದರು, ಕಟ್ಟನ್ನು ಮೇಜಿನ ಮೇಲೆ ಹಾಕಿದರು. “ಆಕ್ಷೇಪಣೆ ಇಲ್ಲ ಸ್ವಾಮಿ” ಎಂದರು.

ಜಡ್ಜಿಗೇ ನಂಬಿಕೆ ಬರಲಿಲ್ಲ. “ಇಲ್ಲವಾ?” ಎಂದು ಅವಳನ್ನೇ ಕೇಳಿದರು. ಅವಳು ಕೈ ಮುಗಿದು “ಇಲ್ಲ ಸ್ವಾಮಿ, ಕೇಸು ನಡೀಲಿ” ಎಂದಳು.

ಗೆದ್ದ ಕೇಸು. ಮಾರಿದರೆ ಉಳಿದ ಕಾಲಕ್ಕೆ ಸಾಕಾಗುವ ಜಾಗ. ಮೊಣಗಂಟಿನ ಆಪರೇಷನ್ನಿಗೆ, ನಿದ್ರೆ ಬರುವ ಮನೆಗೆ, ಎಲ್ಲದಕ್ಕೂ ಆಗುತ್ತಿತ್ತು. ಎಲ್ಲವನ್ನೂ ಅಲ್ಲೇ ನಿಂತ ಕಾಲಿನಲ್ಲಿ ಬಿಟ್ಟುಕೊಟ್ಟಳು. ಯಾಕೆ ಎಂದು ಆ ಕೋಣೆಯಲ್ಲಿ ಬೇರೆ ಯಾರಿಗೂ ತಿಳಿಯಲಿಲ್ಲ, ನನಗೆ ತಿಳಿಯಿತು. ಇವರು ತಲೆ ತಗ್ಗಿಸಿ ನಿಂತಿದ್ದರು, ಕಿವಿ ಕೆಂಪಾಗಿತ್ತು. ಮದುವೆಯಾಗಿ ಇಷ್ಟು ವರ್ಷದಲ್ಲಿ ನಾನು ಇವರಿಗೋಸ್ಕರ ಅಷ್ಟು ದೊಡ್ಡದೇನನ್ನೂ ಬಿಟ್ಟುಕೊಟ್ಟಿಲ್ಲ. ನನ್ನ ಹತ್ತಿರ ಬಿಟ್ಟುಕೊಡಲು ಅಂಥದ್ದು ಇರಲೂ ಇಲ್ಲ. ಅದಕ್ಕೂ ನನಗೆ ಅವಳ ಮೇಲೆಯೇ ಸಿಟ್ಟು ಬಂತು.

ಜಡ್ಜು ಹೊಸ ವಾಯಿದೆ ಕೊಟ್ಟರು. ಹೊರಗೆ ವರಾಂಡಕ್ಕೆ ಬಂದೆವು. ಅವಳ ವಕೀಲರು ಸಿಟ್ಟಿನಿಂದ ಕಾಗದದ ಕಟ್ಟು ಬಗಲಲ್ಲಿ ಇಟ್ಟುಕೊಂಡು ಯಾರನ್ನೂ ನೋಡದೆ ಹೋದರು. ಏನಾದರೂ ಹೇಳಬೇಕು, ಅವಳಿಗೆ ತಾಗುವ ಹಾಗೆ ಹೇಳಬೇಕು ಎಂದು ನಾನು ಮಾತು ಹುಡುಕುತ್ತಿದ್ದೆ. ಅವಳೇ ನನ್ನ ಹತ್ತಿರ ಬಂದಳು.

“ಅಕ್ಕ, ಮೊದಲು ಇಲ್ಲಿ ಎಲ್ಲಿಯಾದರೂ ಕೂತು ಎಂತಾದರೂ ತಿನ್ನಿಸಿ” ಎಂದಳು. “ಇವರು ಬೆಳಿಗ್ಗೆಯಿಂದ ಎಂತದೂ ತಿಂದಿಲ್ಲ. ಮುಖ ನೋಡಿದರೆ ಗೊತ್ತಾಗ್ತದೆ.”

ನಾನು ತಿರುಗಿ ನೋಡಿದೆ. ಹೌದು, ತಿಂದಿರಲಿಲ್ಲ. ಹೊರಡುವಾಗ ಮುಚ್ಚಿಟ್ಟ ನೀರುದೋಸೆ ಹಾಗೆಯೇ ಇದ್ದದ್ದು ಈಗ ನೆನಪಾಯಿತು, ಮಲ್ಲಿಗೆ ಮುಡಿಯುವ ಗಡಿಬಿಡಿಯಲ್ಲಿ ನಾನು ಅದಕ್ಕೆ ಗಮನ ಕೊಟ್ಟಿರಲಿಲ್ಲ. ಆದರೆ ಆ ಹೊತ್ತಿಗೆ ನನ್ನ ಕಿವಿಯಲ್ಲಿ ನಿಂತದ್ದು ಅದಲ್ಲ. ನಾನು ಇವರನ್ನು ಒಂದು ದಿನವೂ ಹೆಸರು ಹಿಡಿದು ಕರೆದವಳಲ್ಲ. ‘ಇವರು’ ಎಂದರೆ ಸಾಕು, ಅಂಗಡಿಯವನಿಂದ ಹಿಡಿದು ಮೀನಿನವಳವರೆಗೆ ಜೆಪ್ಪುವಿನಲ್ಲಿ ಎಲ್ಲರಿಗೂ ಯಾರೆಂದು ಗೊತ್ತಾಗುತ್ತಿತ್ತು. ಆ ಒಂದು ಮಾತು ನನ್ನ ಸ್ವಂತದ್ದು ಎಂದುಕೊಂಡಿದ್ದೆ.

“ಯಾರು ತಿಂದಿಲ್ಲ?” ಎಂದೆ.

ಅವಳಿಗೆ ನಾನು ಕೇಳಿದ್ದು ಅರ್ಥವಾಗಲಿಲ್ಲ. ನನ್ನ ಗಂಡನ ಕಡೆ ಕೈ ತೋರಿಸಿ, “ಇವರು” ಎಂದಳು.